ಕಲ್ಲಿಯೇನ ಎಂಬ ನಮ್ಮ ಕಲ್ಯಾಣ



ಕಳವಾದಲ್ಲಿ ಲೋಕಲ್ ಹತ್ತಿ ಮುಂಬ್ರಾ, ದಿವಾ, ಡೊಂಬಿವಲಿ ದಾಟಿ ಕಲ್ಯಾಣಕ್ಕೆ ನೀವು ಎಷ್ಟು ಸಲ ಹೋಗಿಲ್ಲ! ಸೀಟು ಸಿಕ್ಕೀತೇ ಎಂಬುದಷ್ಟೇ ನಮ್ಮ ಚಿಂತೆ. ಎರಡು ಸಾವಿರ ವರ್ಷಗಳಿಗೆ ತುಸು ಕಡಿಮೆ ಹಿಂದೆ ಇದೇ ಕಲ್ಯಾಣದ ಬಗ್ಗೆ ಬರೆದ ಒಬ್ಬ ವರ್ತಕನ ಚಿಂತೆ ಬೇರೆಯದು. ಅಲ್ಲಿಗೆ ಹೋದ ಗ್ರೀಕ್ ಹಡಗನ್ನು ಹಿಡಿದು, ಕಾವಲು ಹಾಕಿ, ಭರೂಚಿಗೆ ಒಯ್ದುಬಿಡುವ ಅಪಾಯವಿದೆ ಎಂದು ಅವನು ತನ್ನವರನ್ನು ಎಚ್ಚರಿಸುತ್ತಾನೆ.

ಕಲ್ಯಾಣ ಎಂದೊಡನೆ ನಿಮಗೆ ಬಸವಣ್ಣನವರ ಕಲ್ಯಾಣ ನೆನಪಾದರೆ ತಪ್ಪಿಲ್ಲ, ನಮ್ಮ ಕಿವಿಯೇ ಹಾಗೆ ಪಳಗಿದೆ. ಆದರೆ ಇದು ಬೀದರ್ ಜಿಲ್ಲೆಯ ಕಲ್ಯಾಣವಲ್ಲ, ಉಲ್ಹಾಸ್ ನದಿಯ ದಂಡೆಯ ಕಲ್ಯಾಣ. ಆ ವರ್ತಕ ಇದನ್ನು ಕರೆದದ್ದು ‘ಕಲ್ಲಿಯೇನ’ ಎಂದು. ನಾಲಾಸೋಪಾರದ ಸೋಪಾರ ಅವನಿಗೆ ‘ಸುಪ್ಪಾರ’, ಚೌಲ್ ‘ಸೆಮುಲ್ಲ’. ಕ್ರಿ.ಶ. ಒಂದನೆಯ ಶತಮಾನದ ನಡುವಿನಲ್ಲಿ, ರೋಮನ್ನರ ಆಳ್ವಿಕೆಯಲ್ಲಿದ್ದ ಈಜಿಪ್ಟಿನಿಂದ ವ್ಯಾಪಾರ ಮಾಡುತ್ತಿದ್ದ ಈತ ಗ್ರೀಕ್ ಭಾಷೆಯಲ್ಲಿ ಒಂದು ಕೈಪಿಡಿ ಬರೆದ. ‘ಪೆರಿಪ್ಲಸ್’ ಎಂದು ಅದರ ಹೆಸರು. ಯಾವ ತಿಂಗಳು ಹೊರಡಬೇಕು, ಯಾವ ಬಂದರಿನಲ್ಲಿ ಏನು ಮಾರಾಟವಾಗುತ್ತದೆ, ಎಲ್ಲಿ ಮರಳದಿಣ್ಣೆ ಇದೆ, ಇಷ್ಟೇ ವಿಷಯ. ತನ್ನ ಹೆಸರನ್ನು ಮಾತ್ರ ಅವನು ಎಲ್ಲಿಯೂ ಬರೆದಿಲ್ಲ.

ರೋಮ್ ಎಂದರೆ ನಮಗೆ ಸೀಸರ್, ನೀರೋ, ಖಡ್ಗಮಲ್ಲರ ಕಾಳಗ. ಅದಕ್ಕೆ ಕಾರಣವಿದೆ. ರೋಮಿನ ಬಗ್ಗೆ ಉಳಿದುಬಂದ ದೊಡ್ಡ ಪುಸ್ತಕಗಳನ್ನು ಬರೆದವರು ಬಹುಮಟ್ಟಿಗೆ ದೊಡ್ಡ ಮನುಷ್ಯರು. ಪ್ಲಿನಿಯನ್ನೇ ನೋಡಿ. ಭಾರತದ ಸರಕಿಗಾಗಿ ವರ್ಷಕ್ಕೆ 5 ಕೋಟಿ ಸೆಸ್ಟರ್ಸ್ ಹರಿದುಹೋಗುತ್ತಿದೆ ಎಂದು ಅವನು ಗೊಣಗುತ್ತಾನೆ. ಇದನ್ನು ನಮ್ಮ ಪಠ್ಯಪುಸ್ತಕಗಳು ಹೆಮ್ಮೆಯಿಂದ ಎತ್ತಿಕೊಂಡಿವೆ. ಆದರೆ ಪ್ಲಿನಿ ಲೆಕ್ಕಿಗನಲ್ಲ. ಹೆಂಗಸರ ಮುತ್ತು, ರೇಷ್ಮೆಯ ಮೋಹವನ್ನು ಹಳಿಯುವವನ ಬಾಯಲ್ಲಿ ಅಂಕಿ ಸ್ವಲ್ಪ ಉಬ್ಬಿರಬಹುದಲ್ಲವೇ ಎಂದು ವಿದ್ವಾಂಸರು ಬಹಳ ಕಾಲ ಅನುಮಾನಿಸಿದ್ದರು. 1985ರಲ್ಲಿ ವಿಯೆನ್ನಾದಲ್ಲಿದ್ದ ಒಂದು ಪಪೈರಸ್ ಹಾಳೆ ಪ್ರಕಟವಾಯಿತು. ಕೇರಳದ ಮುಜಿರಿಸ್ ಬಂದರಿನ ವ್ಯಾಪಾರಕ್ಕೆ ಸಂಬಂಧಿಸಿದ ಸಾಲದ ಕರಾರು ಅದು, ಎರಡನೆಯ ಶತಮಾನದ್ದು. ಹಾಳೆಯ ಹಿಂಬದಿಯಲ್ಲಿ ‘ಹರ್ಮಪೊಲ್ಲೋನ್’ ಎಂಬ ಒಂದು ಹಡಗಿನ ಸರಕಿನ ಲೆಕ್ಕವಿದೆ. ಅದರ ಬೆಲೆ ಸುಮಾರು 70 ಲಕ್ಷ ಸೆಸ್ಟರ್ಸ್! ಒಂದೇ ಹಡಗಿಗೆ ಇಷ್ಟಾದರೆ ಪ್ಲಿನಿಯ 5 ಕೋಟಿ ಅಷ್ಟೇನೂ ಉಬ್ಬಿದ ಲೆಕ್ಕವಲ್ಲ. ನೀತಿ ಹೇಳುವವನ ಮಾತಿಗೆ ಸಾಲಗಾರನ ಕಾಗದ ಸಾಕ್ಷಿ ನುಡಿಯಿತು.

ಈಗ ನಮ್ಮ ಕಲ್ಯಾಣಕ್ಕೆ ಬರೋಣ. ಹಿರಿಯ ‘ಸರಗನಸ್’ನ ಕಾಲದಲ್ಲಿ ಕಲ್ಲಿಯೇನ ಕಾನೂನುಬದ್ಧ ಬಂದರಾಗಿತ್ತು, ‘ಸಂದನಸ್’ನ ಕೈಗೆ ಬಂದಮೇಲೆ ಅಲ್ಲಿ ವ್ಯಾಪಾರಕ್ಕೆ ತಡೆ ಬಿದ್ದಿದೆ ಎನ್ನುತ್ತದೆ ಪೆರಿಪ್ಲಸ್. ಸರಗನಸ್ ಎಂದರೆ ಶಾತವಾಹನರ ಶಾತಕರ್ಣಿ ಎಂದು ಹೆಚ್ಚಿನವರ ಅಭಿಪ್ರಾಯ. ಸಂದನಸ್ ಯಾರೆಂಬುದಕ್ಕೆ ಜಗಳ ಇನ್ನೂ ಮುಗಿದಿಲ್ಲ. ಈ ಪುಸ್ತಕಕ್ಕೆ ಇರುವ ಮುಖ್ಯ ಆಧಾರ ಹೈಡಲ್‌ಬರ್ಗಿನಲ್ಲಿರುವ ಹತ್ತನೆಯ ಶತಮಾನದ ಒಂದೇ ಒಂದು ಹಸ್ತಪ್ರತಿ. ಅಂದರೆ ವರ್ತಕ ಬರೆದು ಒಂಬತ್ತು ಶತಮಾನಗಳಾದ ಮೇಲೆ, ಭಾರತವನ್ನು ಕಾಣದ ಯಾರೋ ಒಬ್ಬ ನಕಲು ಮಾಡಿದ್ದು. ನಮ್ಮ ಊರುಗಳ ಹೆಸರು ಅವನ ಕೈಯಲ್ಲಿ ಏನೇನಾಗಿರಬಹುದೆಂದು ನೀವೇ ಊಹಿಸಿ. ನಮ್ಮ ಲೋಕಲ್ ಗಾಡಿಯ ಘೋಷಣೆಯಲ್ಲಿಯೇ ಊರ ಹೆಸರು ಮೂರು ಭಾಷೆಯಲ್ಲಿ ಮೂರು ಥರ ಕೇಳಿಸುತ್ತದೆ!

ಹಾಗಾದರೆ ನಂಬುವುದು ಹೇಗೆ? ಇಲ್ಲಿ ಬೇರೆ ಸಾಕ್ಷಿಗಳು ನೆರವಿಗೆ ಬರುತ್ತವೆ. ಭರೂಚಿನಲ್ಲಿ ಆಗ ಆಳುತ್ತಿದ್ದ ದೊರೆಯ ಹೆಸರನ್ನೂ ಪೆರಿಪ್ಲಸ್ ಹೇಳುತ್ತದೆ. ಅವನು ಶಕ ಕ್ಷತ್ರಪ ನಹಪಾನ ಎಂದು ಗುರುತಿಸಲಾಗಿದೆ. 1906ರಲ್ಲಿ ನಾಸಿಕದ ಬಳಿಯ ಜೋಗಲ್‌ಥೆಂಬಿಯಲ್ಲಿ ನಹಪಾನನ 13,000ಕ್ಕೂ ಹೆಚ್ಚು ಬೆಳ್ಳಿ ನಾಣ್ಯಗಳು ಸಿಕ್ಕವು. ಅವುಗಳಲ್ಲಿ 9,000ಕ್ಕೂ ಹೆಚ್ಚಿನವುಗಳ ಮೇಲೆ ಗೌತಮೀಪುತ್ರ ಶಾತಕರ್ಣಿ ತನ್ನ ಮುದ್ರೆ ಒತ್ತಿದ್ದಾನೆ. ಸೋತವನ ಮುಖದ ಮೇಲೆಯೇ ಗೆದ್ದವನ ಗುರುತು. ನಾಸಿಕದ ಗುಹೆಗಳ ಶಾಸನಗಳೂ ಇದೇ ಜಿದ್ದಿನ ಕಥೆ ಹೇಳುತ್ತವೆ. ಶಕರಿಗೂ ಶಾತವಾಹನರಿಗೂ ನಡೆದ ಈ ಹಗ್ಗಜಗ್ಗಾಟದ ನಡುವೆ ಸಿಕ್ಕಿಬಿದ್ದ ಬಂದರು ಕಲ್ಯಾಣ. ಎದುರಾಳಿಯ ಬಂದರನ್ನು ಒಣಗಿಸಿ, ಸುಂಕವೆಲ್ಲ ತನ್ನ ಬಂದರಿಗೇ ಬರುವಂತೆ ಮಾಡುವ ತಂತ್ರ ಅದು. ನಹಪಾನನ ನಾಣ್ಯದಲ್ಲಿ ಇನ್ನೂ ಒಂದು ಸ್ವಾರಸ್ಯವಿದೆ. ಸುತ್ತಲೂ ಗ್ರೀಕ್ ಅಕ್ಷರ, ನಡುವೆ ರೋಮನ್ ಚಕ್ರವರ್ತಿಗಳ ನಾಣ್ಯವನ್ನು ನೆನಪಿಸುವ ಮುಖಚಿತ್ರ.

ಭರೂಚಿಗೆ ಏನೇನು ಬರುತ್ತಿತ್ತು ಎಂಬ ಪಟ್ಟಿಯನ್ನು ಓದುವಾಗ ನಾನು ಒಂದು ಕಡೆ ನಿಂತುಬಿಡುತ್ತೇನೆ. ಇಟಲಿಯ ಮದ್ಯ, ತಾಮ್ರ, ತವರ, ಸೀಸ, ಹವಳ. ಆಮೇಲೆ ರಾಜನಿಗಾಗಿ ಬೆಳ್ಳಿಯ ಪಾತ್ರೆಗಳು, ಹಾಡುವ ಹುಡುಗರು, ಅಂತಃಪುರಕ್ಕೆ ಚೆಲುವೆಯರಾದ ಹೆಣ್ಣುಮಕ್ಕಳು, ಉತ್ತಮ ಮದ್ಯ. ಪಾತ್ರೆಗೂ ಮದ್ಯಕ್ಕೂ ನಡುವೆ ಮನುಷ್ಯರು! ರೋಮಿನ ಸಮಾಜ ಗುಲಾಮರ ಮೇಲೆ ನಿಂತಿತ್ತು ಎಂದು ಪುಟಗಟ್ಟಲೆ ಓದಿದರೂ ತಟ್ಟದ್ದು, ಯಾವ ಮರುಕವೂ ಇಲ್ಲದೆ ಬರೆದ ಈ ಒಂದು ಸಾಲಿನಲ್ಲಿ ತಟ್ಟುತ್ತದೆ. ಆ ಮಕ್ಕಳು ಬರೆದ ಒಂದು ಅಕ್ಷರವೂ ನಮಗೆ ಉಳಿದಿಲ್ಲ.

ಇನ್ನು, ನೀವು ಕಾಯುತ್ತಿರುವ ಪ್ರಶ್ನೆ. ‘ರೋಮನ್ನರ ಕಾಲದ ಗ್ರೀಕ್ ನಾಟಕದಲ್ಲಿ ಕನ್ನಡ ಇದೆಯಂತೆ, ಹೌದೇ?’ ಕನ್ನಡ ಬಿ.ಎ. ಓದಿದವರಿಗೆ ಇದು ಹಳೆಯ ಪರಿಚಯ. ಈಜಿಪ್ಟಿನ ಆಕ್ಸಿರಿಂಕಸ್ ಎಂಬ ಊರಿನ ಕಸದ ದಿಬ್ಬಗಳಲ್ಲಿ ಸಿಕ್ಕ ಪಪೈರಸ್‌ಗಳಲ್ಲಿ 413ನೆಯ ಸಂಖ್ಯೆಯದು ಒಂದು ಪ್ರಹಸನ, 1903ರಲ್ಲಿ ಅಚ್ಚಾಯಿತು. ಭಾರತದ ಕರಾವಳಿಯ ರಾಜನೊಬ್ಬನ ಸೆರೆಯಲ್ಲಿರುವ ಚಾರಿಷನ್ ಎಂಬ ಗ್ರೀಕ್ ತರುಣಿಯನ್ನು ಅವಳ ಅಣ್ಣ ಬಿಡಿಸಿಕೊಂಡು ಹೋಗುವ ಕಥೆ. ರಾಜನಿಗೂ ಅವನ ಕಡೆಯವರಿಗೂ ನೀರು ಬೆರೆಸದ ಮದ್ಯ ಕುಡಿಸಿ ಮೈಮರೆಸುತ್ತಾರೆ. ಒಬ್ಬ ವಿದೂಷಕನಿದ್ದಾನೆ, ಅವನು ಶತ್ರುಗಳನ್ನು ಓಡಿಸುವ ಅಸ್ತ್ರ ಯಾವುದೆಂದು ಮೈಕ್ ಮುಂದೆ ಹೇಳುವಂತಿಲ್ಲ. ಹೊಟ್ಟೆಗೆ ಸಂಬಂಧಿಸಿದ್ದು ಎಂದರೆ ಸಾಕು. ಈ ನಾಟಕದಲ್ಲಿ ಭಾರತೀಯರು ಆಡುವ ಮಾತು ಗ್ರೀಕ್ ಅಲ್ಲ. 1904ರಲ್ಲಿ ಹುಲ್ಟ್ಸ್ ಎಂಬ ಜರ್ಮನ್ ವಿದ್ವಾಂಸರು ಅದು ಕನ್ನಡವಿರಬಹುದು ಎಂದರು. ಶಾಮಶಾಸ್ತ್ರಿಗಳು ಕೈಜೋಡಿಸಿದರು. ಮಂಜೇಶ್ವರದ ಗೋವಿಂದ ಪೈಗಳು ಅದನ್ನು ಕರಾವಳಿಯ ಮಲ್ಪೆಯ ಕಡೆಗೆ ಎಳೆದು ತಂದರು. 1926ರಲ್ಲಿ ಬಾರ್ನೆಟ್ ಎಂಬವರು ಇದೆಲ್ಲ ಒಪ್ಪತಕ್ಕದ್ದಲ್ಲ ಎಂದರು. ಮುಂದೆ ತುಳು ಎಂಬ ವಾದವೂ ಬಂತು.

ನನ್ನ ಮನಸ್ಸೂ ಕನ್ನಡ ಎಂದೇ ಹೇಳಲು ಹಾತೊರೆಯುತ್ತದೆ. ಆದರೆ ಎರಡು ತೊಡಕುಗಳಿವೆ. ಒಂದು, ಹಾಳೆಯಲ್ಲಿ ಪದಗಳ ನಡುವೆ ಬಿಡುವಿಲ್ಲದೆ ಬರೆದಿದೆ, ಎಲ್ಲಿ ಕತ್ತರಿಸಿದರೆ ಯಾವ ಪದ ಎಂಬುದು ಓದುವವರ ಕೈಯಲ್ಲಿದೆ. ಎರಡು, ನಮ್ಮ ‘ಹಾಲು’ ಹಿಂದೆ ‘ಪಾಲ್’ ಆಗಿತ್ತು, ‘ಹೂ’ ‘ಪೂ’ ಆಗಿತ್ತು. ಪಕಾರ ಹಕಾರವಾಗತೊಡಗಿದ್ದು ಸುಮಾರು ಹತ್ತನೆಯ ಶತಮಾನದಿಂದೀಚೆಗೆ. ಎರಡನೆಯ ಶತಮಾನದ ಹಾಳೆಯಲ್ಲಿ ನಮ್ಮ ಇಂದಿನ ಮಾತಿನಂತೆ ಸಲೀಸಾಗಿ ಕೇಳಿಸುವ ಓದು ಬಂದರೆ ಸಂತೋಷಪಡುವ ಬದಲು ಅನುಮಾನಿಸಬೇಕು. ಕೆಲವು ಪದಗಳು ದ್ರಾವಿಡ ಮೂಲದವಾಗಿರಬಹುದು, ಅದಕ್ಕಿಂತ ಮುಂದೆ ನಾನು ಹೋಗಲಾರೆ. ಆದರೆ ಈ ಪ್ರಹಸನ ಈಜಿಪ್ಟಿನ ಜನ ಏನು ನೋಡಿ ನಗುತ್ತಿದ್ದರು ಎಂಬುದಕ್ಕೆ ಮಾತ್ರ ಗಟ್ಟಿ ಸಾಕ್ಷಿ. ಅವರ ಕಣ್ಣಿಗೆ ನಾವು ಕುಡಿಯಲು ಬಾರದ ಒರಟರು.

ಕನ್ನಡನಾಡಿನ ಹೆಸರು ಬೇಕಿದ್ದರೆ ಅದಕ್ಕೆ ಈ ನಾಟಕದ ಹಂಗು ಬೇಡ. ಕ್ರಿ.ಶ. 150ರ ಸುಮಾರಿನ ಟಾಲೆಮಿಯ ಭೂಗೋಳದಲ್ಲಿ ಬನವಾಸಿ ಇದೆ. 1891ರಲ್ಲಿ ಯಶವಂತಪುರದಲ್ಲಿ 163 ರೋಮನ್ ಬೆಳ್ಳಿ ನಾಣ್ಯಗಳು ಸಿಕ್ಕಿವೆ. ಚಿತ್ರದುರ್ಗದ ಚಂದ್ರವಳ್ಳಿಯಲ್ಲಿ ಎಂ.ಎಚ್. ಕೃಷ್ಣ ಅವರೂ, ಆಮೇಲೆ 1947ರಲ್ಲಿ ವೀಲರ್ ಅವರೂ ಅಗೆದಾಗ ರೋಮನ್ ನಾಣ್ಯಗಳು ಬಂದವು. ನಾಣ್ಯಕ್ಕೂ ಒಂದು ಮಿತಿ ಉಂಟು. ಟೈಬೀರಿಯಸ್‌ನ ನಾಣ್ಯ ಸಿಕ್ಕ ಮಣ್ಣು ಅವನ ಕಾಲಕ್ಕಿಂತ ಹಿಂದಿನದಲ್ಲ ಎಂದಷ್ಟೇ ಅದು ಹೇಳುತ್ತದೆ, ಎಷ್ಟು ಈಚಿನದು ಎಂದು ಹೇಳುವುದಿಲ್ಲ. ಕೊಲ್ಹಾಪುರದ ಬ್ರಹ್ಮಪುರಿಯಲ್ಲಿ ಸಿಕ್ಕ ಕಂಚಿನ ಸಮುದ್ರದೇವ ಪೊಸೈಡನ್‌ನನ್ನು ಅಲ್ಲಿನ ಟೌನ್ ಹಾಲ್ ವಸ್ತುಸಂಗ್ರಹಾಲಯದಲ್ಲಿ ನೋಡಬಹುದು. ಊರಿಗೆ ಹೋಗುವ ದಾರಿಯಲ್ಲಿ ಬೆಳಗಾವಿಯವರಿಗೆ ಅದು ಸುಲಭ.

ಅಷ್ಟು ದೂರ ಬೇಡವೆಂದರೆ ಬೋರಿವಲಿಯ ರಾಷ್ಟ್ರೀಯ ಉದ್ಯಾನದೊಳಗಿನ ಕಾನ್ಹೇರಿ ಗುಹೆಗಳಿವೆ. ಅಲ್ಲಿನ ಬ್ರಾಹ್ಮೀ ಶಾಸನಗಳಲ್ಲಿ ದಾನ ಕೊಟ್ಟ ಕಲ್ಯಾಣದವರ ಹೆಸರುಗಳು ಕಲ್ಲಿನಲ್ಲಿಯೇ ಕೂತಿವೆ. ಇವರನ್ನು ನಡುವೆ ಯಾವ ನಕಲುಗಾರನೂ ಮುಟ್ಟಿಲ್ಲ. ಥಾಣೆಯಿಂದ ಘೋಡ್‌ಬಂದರ್ ರಸ್ತೆ ಹಿಡಿದು ಬೆಳಿಗ್ಗೆಯೇ ಹೊರಡಿ, ನೀರಿನ ಬಾಟಲಿ ಜೊತೆಗಿರಲಿ. ಸೋಮವಾರ ಮಾತ್ರ ಹೋಗಬೇಡಿ, ಉದ್ಯಾನಕ್ಕೆ ಅಂದು ರಜೆ.