ಒಂದು 'ಅಥವಾ'ದ ಚರಿತ್ರೆ

೧೯೦೨ರಲ್ಲಿ ಶಿವನಸಮುದ್ರದ ನೀರಿನಿಂದ ಹುಟ್ಟಿದ ಕರೆಂಟು ಮೊದಲು ಹೋದದ್ದು ಕೋಲಾರದ ಚಿನ್ನದ ಗಣಿಗೆ. ಬಿಳಿಯರ ಕಂಪನಿಯ ಯಂತ್ರಗಳು ತಿರುಗಿದವು. ೧೯೦೫ರಲ್ಲಿ ಬೆಂಗಳೂರಿನ ಬೀದಿಗಳಿಗೆ ದೀಪ ಬಂತು. ತಂತಿ ಹಾದುಹೋದ ಹಳ್ಳಿಗಳ ನಮ್ಮ ಕೇರಿಗಳಲ್ಲಿ ಸೀಮೆಎಣ್ಣೆ ಬುಡ್ಡಿಯೇ ಗತಿ. ೧೯೮೦ರ ಆಸುಪಾಸಿನಲ್ಲಿ ಗುಡಿಸಲಿಗೊಂದು ಬಲ್ಬು ಕೊಟ್ಟ ಸರ್ಕಾರ ಅದಕ್ಕೆ 'ಭಾಗ್ಯಜ್ಯೋತಿ' ಎಂದು ಹೆಸರಿಟ್ಟಿತು. ಹಕ್ಕು ಅನ್ನಲಿಲ್ಲ, ಭಾಗ್ಯ ಅಂದಿತು!

ಆದರೆ ಹಕ್ಕು ಕಾಗದದ ಮೇಲೆ ಎಂದೋ ಇತ್ತು. ಬ್ರಿಟಿಷರ ೧೯೧೦ರ ವಿದ್ಯುಚ್ಛಕ್ತಿ ಕಾಯಿದೆಯಲ್ಲೇ, ಕರೆಂಟು ಕೇಳಬಹುದಾದವನು ಜಾಗದ 'ಮಾಲೀಕ ಅಥವಾ ವಾಸವಿರುವವನು' ಎಂದಿದೆ. ೨೦೦೩ರ ಕಾಯಿದೆಯ ೪೩ನೇ ಕಲಮೂ ಅದನ್ನೇ ಹೇಳುತ್ತದೆ. ಈ 'ಅಥವಾ' ನಮ್ಮದು, ಗೆಳೆಯರೆ. ಮಾಲೀಕತನ ನಮಗೆ ಯಾವ ಕಾಲಕ್ಕೆ ಇತ್ತು? ಗೌಡರ ಹೊಲದ ಬದುವಿನಲ್ಲಿ, ಗೋಮಾಳದಲ್ಲಿ, ಬಾಡಿಗೆ ವಠಾರದಲ್ಲಿ ಇದ್ದವರು ನಾವು. ವಾಸ ಒಂದೇ ನಮ್ಮ ದಾಖಲೆ.

ಅರ್ಜಿ ಹಿಡಿದು ಹೋದರೆ ಕೇಳುವುದೇನು? "ಖಾತೆ ಐತಾ? ಹಕ್ಕುಪತ್ರ ಐತಾ? ಜಾಗದ ಮೇಲೆ ದಾವೆ ಐತಂತಲ್ಲ, ಅದು ಮುಗೀಲಿ, ಬಾ." ದಾವೆ ಮುಗಿಯುವ ಹೊತ್ತಿಗೆ ಓದುವ ಮಕ್ಕಳು ಕೂಲಿಗೆ ಹೋಗಿರುತ್ತಾರೆ. ಎದುರಾಳಿ ಒಂದು ತಕರಾರು ಅರ್ಜಿ ಕೊಟ್ಟರೆ ಸಾಕು, ನಮ್ಮನ್ನು ಕರೆದು ಕೇಳುವುದೂ ಇಲ್ಲ. ಒಬ್ಬನ ಮಾತು ಕೇಳಿ ಇನ್ನೊಬ್ಬನ ಮನೆ ಕತ್ತಲು ಮಾಡುವುದು ಯಾವ ನ್ಯಾಯ?

ಮಾಲೀಕನ ಮಾತನ್ನೂ ಕೇಳಬೇಕು, ಬೇಡ ಅನ್ನುವುದಿಲ್ಲ. ಆದರೆ ಮೀಟರು ಕೂತ ಮಾತ್ರಕ್ಕೆ ಜಾಗ ಯಾರ ಹೆಸರಿಗೂ ಆಗುವುದಿಲ್ಲ. ಜಾಗ ಯಾರದು ಅನ್ನುವುದನ್ನು ಸಿವಿಲ್ ಕೋರ್ಟು ನೋಡಿಕೊಳ್ಳಲಿ. ಕರೆಂಟಿನವರು ನೋಡಬೇಕಾದ್ದು ಅಲ್ಲಿ ಯಾರು ಇದ್ದಾರೆ ಅನ್ನುವುದನ್ನು ಮಾತ್ರ. ೨೦೨೨ರಲ್ಲಿ ಸುಪ್ರೀಂ ಕೋರ್ಟು, ಮಾಲೀಕ ಮತ್ತು ಬಾಡಿಗೆದಾರರ ವ್ಯಾಜ್ಯವೊಂದರಲ್ಲಿ, ಇದನ್ನೇ ಹೇಳಿತು: ಮಾಲೀಕ ಒಪ್ಪಿಗೆ ಪತ್ರ ಕೊಡಲಿಲ್ಲವೆಂದು ಕರೆಂಟು ನಿರಾಕರಿಸುವಂತಿಲ್ಲ, ಅದು ಬದುಕಿನ ಮೂಲ ಸೌಕರ್ಯ. ೧೯೧೦ರ 'ಅಥವಾ'ಕ್ಕೆ ಇಷ್ಟು ಬಿಡಿಸಿ ಅರ್ಥ ಹೇಳುವ ಹೊತ್ತಿಗೆ ೧೧೨ ವರ್ಷ ಆಗಿತ್ತು.

ಕಿತ್ತುಹಾಕುವುದಕ್ಕೂ ಕ್ರಮವಿದೆ. ಬಾಕಿ ಇದ್ದರೆ ೧೯೧೦ರ ಕಾಯಿದೆಯಲ್ಲಿ ಏಳು ದಿನದ ಲಿಖಿತ ನೋಟೀಸು. ೨೦೦೩ರದ್ದರಲ್ಲಿ ಹದಿನೈದು ದಿನ. ಬಿಲ್ಲಿನ ಮೇಲೆ ತಕರಾರಿದ್ದರೆ, ಕೇಳಿದ ಹಣವನ್ನೋ ಹಿಂದಿನ ಆರು ತಿಂಗಳ ಸರಾಸರಿಯನ್ನೋ, ಯಾವುದು ಕಡಿಮೆಯೋ ಅದನ್ನು, 'ತಕರಾರಿನೊಂದಿಗೆ' ಎಂದು ಬರೆದು ಕಟ್ಟಬೇಕು. ಕಟ್ಟಿದ ಮೇಲೆ, ತಕರಾರು ತೀರುವ ತನಕ ತಂತಿ ಮುಟ್ಟುವಂತಿಲ್ಲ. ಧಣಿಯ ಸಿಟ್ಟಿಗೆ ಫ್ಯೂಸು ಕೀಳುವುದಕ್ಕೆ ಯಾವ ಕಲಮೂ ಇಲ್ಲ.

ಆದ್ದರಿಂದ ಹಳ್ಳಿಯ ಮೇಷ್ಟ್ರುಗಳೇ, ಸಂಘದ ಗೆಳೆಯರೇ, ನಮ್ಮ ಜನರ ಅರ್ಜಿ ಬರೆದುಕೊಡಿ. 'ವಾಸವಿರುವವರು' ಎಂಬ ಮಾತನ್ನು ಅದರಲ್ಲಿ ದಪ್ಪಗೆ ಬರೆಯಿರಿ. ಅರ್ಜಿ ತಲುಪಿದ್ದಕ್ಕೆ ರಸೀದಿ ಪಡೆಯಿರಿ. ಅಲ್ಲಿ ಕೇಳದಿದ್ದರೆ ಗ್ರಾಹಕರ ಕುಂದುಕೊರತೆ ವೇದಿಕೆಯಿದೆ, ಅದರ ಮೇಲೆ ಒಂಬುಡ್ಸ್‌ಮನ್ ಇದ್ದಾರೆ. ೨೦೦೩ರ ಕಾಯಿದೆಯೇ ಕೊಟ್ಟ ಬಾಗಿಲುಗಳು ಅವು. ಕೈಮುಗಿದು ವಾಪಸ್ಸು ಬರುವುದು ಸಾಕು. ಇಲ್ಲ ಅನ್ನುವವರಿಗೆ ಒಂದೇ ಮಾತು ಹೇಳೋಣ: ಬರೆದುಕೊಡಿ ಸ್ವಾಮಿ.