ಅಂಟಿಸಿದ ಮೀಸೆಗೆ ಹೆದರಿದವರು

1889ರ ಏಪ್ರಿಲ್. ನಾಲ್ಕೇ ದಿನದ ಅಂತರದಲ್ಲಿ ಇಬ್ಬರು ಹುಟ್ಟಿದರು. ಮೊದಲು ಚಾರ್ಲಿ ಚಾಪ್ಲಿನ್, ಆಮೇಲೆ ಹಿಟ್ಲರ್. ಇಬ್ಬರದ್ದೂ ಅದೇ ತುಂಡು ಮೀಸೆ. ಒಂದು ಅಸಲಿ, ಇನ್ನೊಂದು ಅಂಟಿಸಿದ್ದು!

ಏಳನೇ ವಯಸ್ಸಿಗೇ ಲಂಡನ್ನಿನ ನಿರ್ಗತಿಕರ ಆಶ್ರಯ ಸೇರಿದ್ದ ಚಾರ್ಲಿ, ಹಸಿವನ್ನೇ ನಗುವಾಗಿಸಿದ. 1940ರಲ್ಲಿ ಅಮೆರಿಕ ಇನ್ನೂ ಯುದ್ಧಕ್ಕೆ ಇಳಿದೇ ಇರಲಿಲ್ಲ. ಆಗಲೇ ತಾನೇ ಬರೆದು, ನಿರ್ದೇಶಿಸಿ, ನಟಿಸಿದ ‘ದಿ ಗ್ರೇಟ್ ಡಿಕ್ಟೇಟರ್’ನಲ್ಲಿ ಹಿಟ್ಲರನನ್ನು ಗೇಲಿ ಮಾಡಿದ.

ಹಿಟ್ಲರ್ ಹೋದ. ಚಾರ್ಲಿ ನೆಮ್ಮದಿಯಾಗಿದ್ದನಾ? ಇಲ್ಲ. ಕಮ್ಯುನಿಸ್ಟರ ಪರ ಅನ್ನೋ ಅನುಮಾನ. 1952ರಲ್ಲಿ ಹಡಗು ಹತ್ತಿ ಲಂಡನ್ನಿಗೆ ಹೊರಟವನಿಗೆ ಅಮೆರಿಕ ವಾಪಸ್ ಬರೋ ಬಾಗಿಲು ಮುಚ್ಚಿತು. 1972ರಲ್ಲಿ ಅದೇ ಅಮೆರಿಕ ಕರೆಸಿ, ಎದ್ದು ನಿಂತು ಚಪ್ಪಾಳೆ ತಟ್ಟಿ, ಗೌರವ ಆಸ್ಕರ್ ಕೊಟ್ಟಿತು. ಇಪ್ಪತ್ತು ವರ್ಷ ತಡವಾಗಿ!

ನೆನಪಿಡಿ, ನಗಿಸುವವನನ್ನು ಕಂಡರೆ ಸರ್ವಾಧಿಕಾರಿಯಷ್ಟೇ ಅಲ್ಲ, ಪ್ರಜಾಪ್ರಭುತ್ವವೂ ಒಮ್ಮೊಮ್ಮೆ ಬೆಚ್ಚುತ್ತದೆ.