ಶಾಲೆಯ ರಜಿಸ್ಟರೂ ನೌಕರಿಯ ಭದ್ರತೆಯೂ

ಅಕ್ಕಲಕೋಟೆಯ ಸೀಮೆಯಲ್ಲಿಯೂ ಗಡಿಯೀಚೆಯ ಅಫಜಲಪುರದ ಸೀಮೆಯಲ್ಲಿಯೂ ಬೇಡರ ಮನೆತನಗಳಿವೆ. ಮಾತು ಒಂದೇ, ಹೆಣ್ಣು ಕೊಟ್ಟು ತರುವ ಬಳಕೆಯೂ ಉಂಟು. ಆದರೆ ಕರ್ನಾಟಕದಲ್ಲಿ 1991ರ ತಿದ್ದುಪಡಿಯಿಂದ ಬೇಡ, ವಾಲ್ಮೀಕಿ ಎಂಬ ಹೆಸರುಗಳು ನಾಯಕರೊಡನೆ ಪರಿಶಿಷ್ಟ ಪಂಗಡದ ಪಟ್ಟಿಗೆ ಸೇರಿದವು. ಮಹಾರಾಷ್ಟ್ರದಲ್ಲಿ ಬೇರಡರೆಂಬವರು ವಿಮುಕ್ತ ಜಾತಿಯವರು. ತಳವಾರ ಎಂಬ ಹೆಸರು ಅಲ್ಲಿ ಬೇರಡರ ಒಳಹೆಸರು. ಕರ್ನಾಟಕದ ಪಂಗಡದ ಪಟ್ಟಿಯಲ್ಲಿ ಅದಕ್ಕೆ ಎಡೆ ದೊರೆತುದು 2020ರಲ್ಲಿ. ಒಂದು ರಾಜ್ಯದ ಪಟ್ಟಿಯ ಸ್ಥಾನವು ಬೇರೆ ರಾಜ್ಯಕ್ಕೆ ನೆಲೆಸಲು ಹೋದವನನ್ನು ಹಿಂಬಾಲಿಸದೆಂದು ಸುಪ್ರೀಂ ಕೋರ್ಟಿನ ಸಂವಿಧಾನ ಪೀಠವು 1990ರಲ್ಲಿಯೇ ಹೇಳಿದೆ. ಗಡಿಗೆರೆಯು ಹೊಲವನ್ನಷ್ಟೇ ಅಲ್ಲ, ಕುಲವನ್ನೂ ಸೀಳುತ್ತದೆ.

ಈ ತೊಡಕಿನಲ್ಲಿ ಉಪಾಧ್ಯಾಯನ ಪಾಲೂ ಇದೆ. ತಳವಾರಿಕೆ ಎಂಬುದು ಮೂಲದಲ್ಲಿ ಊರ ಕಾವಲಿನ ಚಾಕರಿ. ಹುಡುಗನನ್ನು ಶಾಲೆಗೆ ಸೇರಿಸುವಾಗ ಮಾಸ್ತರರು ಜಾತಿಯ ಕಲಮಿನಲ್ಲಿ ಕುಲದ ಹೆಸರು ಬರೆದರೋ, ಚಾಕರಿಯ ಹೆಸರು ಬರೆದರೋ, ಮರಾಠಿಯ ಉಚ್ಚಾರಕ್ಕೆ ಒಗ್ಗಿಸಿ ಬರೆದರೋ, ಅದು ಅವರವರ ಲೇಖಣಿಗೆ ಬಿಟ್ಟ ವಿಷಯವಾಗಿತ್ತು. ಆ ಒಂದು ಮಾತು ಮೊಮ್ಮಗನ ಅನ್ನವನ್ನು ನಿರ್ಣಯಿಸೀತೆಂದು ಆಗ ಯಾರು ಬಲ್ಲರು?

1994ರಲ್ಲಿ ಕುಮಾರಿ ಮಾಧುರಿ ಪಾಟೀಲರ ಮೊಕದ್ದಮೆಯಲ್ಲಿ ಈ ಮಾತಿನ ಬೆಲೆ ಹೊರಬಿತ್ತು. ಕುಟುಂಬದವರು ಮಹಾದೇವ ಕೋಳಿ ಪಂಗಡದವರೆಂದು ಹೇಳಿಕೊಂಡಿದ್ದರು. ತಂದೆಯ ಶಾಲಾ ದಾಖಲೆಯಲ್ಲಿ ಇದ್ದುದು ಬರಿಯ ಹಿಂದೂ ಕೋಳಿ. ಸಂವಿಧಾನಕ್ಕೆ ಪೂರ್ವದ ದಾಖಲೆಗೆ ನ್ಯಾಯಾಲಯವು ಹೆಚ್ಚಿನ ತೂಕವಿತ್ತಿತು. ಪರಿಶೀಲನ ಸಮಿತಿಗಳೂ ಊರಿಗೆ ಹೋಗಿ ವಿಚಾರಿಸುವ ಜಾಗೃತ ದಳಗಳೂ ಆ ತೀರ್ಪಿನ ಫಲ. ಪಂಗಡದವರಾದರೆ ದೇವರು, ಮದುವೆ, ಶವಸಂಸ್ಕಾರಗಳ ವಿಚಾರವೂ ಉಂಟು. ಈ ಆಚಾರದ ಪರೀಕ್ಷೆಯೊಂದೇ ಕೊನೆಯ ಒರೆಗಲ್ಲಲ್ಲವೆಂದು 2023ರಲ್ಲಿ ಮೂವರು ನ್ಯಾಯಮೂರ್ತಿಗಳ ಪೀಠ ಹೇಳಿತು. ಸರಿಯೇ, ಊರಿನಿಂದ ಪೇಟೆಗೆ ಬಂದು ಎರಡು ತಲೆ ಕಳೆದವನಿಗೆ ಕುಲಾಚಾರದ ಪ್ರಶ್ನೆ ಕೇಳಿದರೆ ಏನು ಉತ್ತರ ಹೇಳಿಯಾನು?

ನೌಕರಿಯ ಭದ್ರತೆಯ ಕಥೆ ಇನ್ನೂ ಏರಿಳಿತದ್ದು. 2000ನೆಯ ಇಸವಿಯ ನವೆಂಬರದಲ್ಲಿ ಮಿಲಿಂದ ಪ್ರಕರಣದಲ್ಲಿ ಐವರು ನ್ಯಾಯಮೂರ್ತಿಗಳು, ರಾಷ್ಟ್ರಪತಿಗಳ ಪಟ್ಟಿಯಲ್ಲಿ ಇಲ್ಲದ ಹೆಸರನ್ನು ಯಾರೂ ಓದಿ ಸೇರಿಸುವಂತಿಲ್ಲ, ಹಲಬಾ ಪಂಗಡದಲ್ಲಿ ಕೋಷ್ಟಿ ನೇಕಾರರು ಸೇರರು ಎಂದರು. ಆದರೂ ಅದುವರೆಗೆ ಸ್ಥಿರಗೊಂಡ ನೇಮಕಗಳನ್ನು ಕದಲಿಸಲಿಲ್ಲ. ಈ ಆಶ್ರಯದಲ್ಲಿಯೇ 2012ರಲ್ಲಿ ಒಬ್ಬ ಶಿಕ್ಷಕಿಯ ಕೆಲಸ ಉಳಿಯಿತು. ಆದರೆ ಮಹಾರಾಷ್ಟ್ರದ ಕಾಯಿದೆಯೊಂದು 2001ರ ಅಕ್ಟೋಬರದಿಂದ ಜಾರಿಯಲ್ಲಿತ್ತು. ಅದರಂತೆ ರುಜುವಾತಿನ ಭಾರ ಕೇಳುವವನದೇ. ಪ್ರಮಾಣಪತ್ರ ರದ್ದಾದರೆ ಪಡೆದ ಲಾಭವೂ ಹೋಗತಕ್ಕದ್ದು. ಮೋಸದ ಉದ್ದೇಶವಿರಲಿಲ್ಲವೆಂಬ ಕಾರಣಕ್ಕೆ ಈ ಕಾಯಿದೆಯನ್ನು ಸಡಿಲಿಸಲಾಗದೆಂದು 2017ರ ಜುಲೈ 6ರಂದು ಸುಪ್ರೀಂ ಕೋರ್ಟು ತೀರ್ಮಾನಿಸಿತು. ಇಪ್ಪತ್ತು ವರ್ಷ ಚಾಕರಿ ಮಾಡಿದವರ ಬುಡ ಅಲುಗಿತು. 2019ರ ಡಿಸೆಂಬರದಲ್ಲಿ ಸರಕಾರ ಇಂಥವರನ್ನು ಹನ್ನೊಂದು ತಿಂಗಳ ಅಧಿಸಂಖ್ಯ ಹುದ್ದೆಗಳಿಗೆ ತಳ್ಳಿತು. ಇದನ್ನು ಕಠೋರವೆನ್ನುವವರುಂಟು. ಆದರೆ ಸುಳ್ಳು ಪ್ರಮಾಣಪತ್ರದವನು ಕುಳಿತ ಕುರ್ಚಿ ಇನ್ನೊಬ್ಬ ನಿಜವಾದ ಬಡ ಹುಡುಗನದು. ಆ ಹುಡುಗನು ಯಾವ ನ್ಯಾಯಾಲಯಕ್ಕೂ ಬರುವುದಿಲ್ಲ.

ತಪ್ಪು ಸರಕಾರದ್ದೇ ಆದಾಗ? ಕರ್ನಾಟಕದಲ್ಲಿ ಸುತ್ತೋಲೆಗಳ ಆಧಾರದಿಂದ ಕೋಟೆಗಾರರಿಗೆ ಪರಿಶಿಷ್ಟ ಜಾತಿಯ ಪ್ರಮಾಣಪತ್ರ ದೊರೆತಿತ್ತು. ಮಿಲಿಂದ ತೀರ್ಪಿನ ಬಳಿಕ ಅದು ನಿಲ್ಲಲಿಲ್ಲ. ಅವರ ನೌಕರಿಯನ್ನು ಕಾಯ್ದು, ಮುಂದೆ ಸಾಮಾನ್ಯ ವರ್ಗದವರೆಂದು ಎಣಿಸತಕ್ಕದ್ದೆಂದು ರಾಜ್ಯವು 2003ರ ಮಾರ್ಚ್ 29ರಂದು ಆಜ್ಞೆ ಹೊರಡಿಸಿತು. ಬ್ಯಾಂಕು ಮುಂತಾದ ಕೇಂದ್ರದ ಸಂಸ್ಥೆಗಳು ಇದನ್ನು ಒಪ್ಪದೆ ನೋಟೀಸು ಕೊಟ್ಟವು. ಕೆನರಾ ಬ್ಯಾಂಕಿನ ಪ್ರಕರಣದಲ್ಲಿ 2024ರ ಆಗಸ್ಟ್ 28ರಂದು ಸುಪ್ರೀಂ ಕೋರ್ಟು ಆ ನೌಕರರ ಪರವಾಗಿ ತೀರ್ಪಿತ್ತಿತು. ಅವರು ಮೀಸಲಾತಿಯ ಮುಂದಿನ ಲಾಭವನ್ನು ಬಿಟ್ಟರು, ಕೆಲಸ ಉಳಿಯಿತು.